ಮಜ್ಜಿಗೆ ಕೇಳಿದ ಕಲೆಕ್ಟರ್

ಆ ಇಂಗ್ಲಿಷ್ ನಟರ ಎಡಹುಬ್ಬು ಬಲಹುಬ್ಬಿಗಿಂತ ಸದಾ ಒಂದಿಷ್ಟು ಮೇಲೇ ಇರುತ್ತಿತ್ತು. ಸಿನಿಮಾಗಳಲ್ಲಿ ಬಟ್ಲರ್ ಆಗಿ ಟ್ರೇ ಹಿಡಿದು ನಿಂತೂ ನಿಂತೂ ಅದು ಅಲ್ಲೇ ಉಳಿದುಬಿಟ್ಟಿದೆ ಎನ್ನುತ್ತಿದ್ದರು. ಬಟ್ಲರ್, ಪಾದ್ರಿ, ಪೊಲೀಸ್ ಪೇದೆ, ಒಂದೆರಡು ಸಲ ಹೆಣ: ಲಂಡನ್ನಿನಲ್ಲಿ ಜೀವಮಾನವಿಡೀ ಇಂಥವೇ ಪಾತ್ರಗಳು. ಹೆಂಡತಿ ತೀರಿಕೊಂಡ ಮೇಲೆ, ನಾವು ದೇಶ ಬಿಟ್ಟು ಬಂದು ನೆಲೆಸಿದ್ದ ಕೆನ್ಮೋರ್‌ನಲ್ಲಿದ್ದ ಮಗನ ಮನೆಗೆ, ಅಂದರೆ ನಮ್ಮ ಪಕ್ಕದ ಮನೆಗೆ ಬಂದರು. ಡಿವಿಡಿ ಬಾಡಿಗೆಗೆ ತರುತ್ತಿದ್ದ ಕಾಲ ಅದು. ಅವರ ಸಿನಿಮಾ ಒಂದನ್ನು ತಂದು ನೋಡಿದೆ. ಬಾಗಿಲು ತೆಗೆದರು, ಮುಚ್ಚಿದರು. ಇಷ್ಟೇನಾ ಅಂದುಕೊಂಡೆ.

ನಮ್ಮ ಕನ್ನಡ ಕೂಟದ ನಾಟಕದಲ್ಲಿ ಬ್ರಿಟಿಷ್ ಕಲೆಕ್ಟರ್ ಪಾತ್ರ ನನ್ನದಾಗಿತ್ತು. ಆ ವರ್ಷ ಕಾರ್ಯದರ್ಶಿ, “ಒರಿಜಿನಲ್ ಇಂಗ್ಲಿಷಿನವರೇ ಪಕ್ಕದ್ಮನೇಲಿರುವಾಗ ನಿಮಗ್ಯಾಕೆ ಸಾರ್ ಪೌಡರ್ ಬಳಿಯೋ ಕಷ್ಟ?” ಅಂದರು. ನನಗೆ ಪರದೆ ಎಳೆಯುವ ಕೆಲಸ ಸಿಕ್ಕಿತು.

ಕಲೆಕ್ಟರಿಗೆ ಇದ್ದದ್ದು ಕೊನೆಯಲ್ಲಿ ಒಂದೇ ಮಾತು: “ನಿಮ್ಮ ಜಮೀನು ನಿಮಗೇ ಇರಲಿ. ನನಗೊಂದು ಲೋಟ ಮಜ್ಜಿಗೆ ಕೊಡಿ.” ಅದನ್ನಷ್ಟೇ ಕಲಿತು ಸುಮ್ಮನಿರಬಾರದೇ? ಇವರು ಉಳಿದ ಪಾತ್ರಗಳ ಮಾತನ್ನೆಲ್ಲ ದಿನಾ ಕೇಳಬೇಕೆಂದರು. “ನನಗೆ ಸಂಬಳ ಕೊಟ್ಟದ್ದು ಬಾಯಿಗಲ್ಲ, ಕಿವಿಗೆ” ಎಂದರು. ಹೇಳುತ್ತೇನೆಂದು ಹೊರಟವಳು ಹನ್ನೆರಡು ವರ್ಷದ ನನ್ನ ಮಗಳು. ಹುಟ್ಟಿದಾಗಿನಿಂದ ನನ್ನ ಕನ್ನಡಕ್ಕೆ ಇಂಗ್ಲಿಷಿನಲ್ಲೇ ಉತ್ತರ ಕೊಟ್ಟವಳು ಈಗ ನನ್ನಿಂದ ಸಾಲುಗಳನ್ನು ಕಲಿತು, ಅವರ ಹಿತ್ತಲಿನ ಮರದ ಡೆಕ್ಕಿನ ಮೇಲೆ ಕೂತು ಅವರಿಗೆ ಒಪ್ಪಿಸತೊಡಗಿದಳು.

ನಾಟಕದ ದಿನ ನಾಯಕ ಎದೆ ತಟ್ಟಿಕೊಂಡು ಅಬ್ಬರಿಸುತ್ತಿದ್ದರೆ, ಜನ ಸುಮ್ಮನೆ ಕೇಳುತ್ತ ಕೂತ ಇವರನ್ನೇ ನೋಡುತ್ತಿದ್ದರು. ಮಜ್ಜಿಗೆ ಕೇಳಿದಾಗಂತೂ ಚಪ್ಪಾಳೆ ನಿಲ್ಲಲೇ ಇಲ್ಲ. ಪರದೆಯ ಹಗ್ಗ ಹಿಡಿದಿದ್ದ ನನಗೆ ಮೈಯೆಲ್ಲ ಉರಿ.

“ಏನ್ರೀ, ಹೊಟ್ಟೆಕಿಚ್ಚಾ?” ಅಂದಳು ಹೆಂಡತಿ.

“ಹೌದು ಕಣೆ, ಏನೀಗ?” ಅಂದೆ.

ನಾಟಕ ಮುಗಿದರೂ ಡೆಕ್ಕಿನ ಮೇಲಿನ ಕನ್ನಡ ಮುಗಿಯಲಿಲ್ಲ. ಶಾಲೆಯ ಜಗಳ, ಗೆಳತಿಯರ ಮುನಿಸು ಎಲ್ಲವನ್ನೂ ಮಗಳು ಅವರಿಗೆ ಕನ್ನಡದಲ್ಲೇ ಹೇಳುವಳು. ಮಜ್ಜಿಗೆಯ ಆ ಮಾತು ಬಿಟ್ಟರೆ ಒಂದು ಪದವೂ ತಿಳಿಯದ ಅವರು ಅವಳ ಮುಖ ನೋಡುತ್ತ, ನಗಬೇಕಾದಲ್ಲಿ ನಗುತ್ತ ಕೂರುವರು. ಮನೆಗೆ ಬಂದರೆ ನನಗೆ ಮಾತ್ರ “ಫೈನ್, ಅಪ್ಪ.” ನನ್ನ ಮಗಳ ಕನ್ನಡವನ್ನು ನಾನು ಬೇಲಿಯ ಈಚೆ ನಿಂತು ಕದ್ದು ಕೇಳಬೇಕಾಯಿತು! ತಪ್ಪು ಕಿವಿಗೆ ಬಿದ್ದರೆ ತಡೆಯಲಾರದೆ ಅಲ್ಲಿಂದಲೇ ತಿದ್ದುತ್ತಿದ್ದೆ. ಅವಳು ಮಾತು ನಿಲ್ಲಿಸಿಬಿಡುತ್ತಿದ್ದಳು.

ಒಂದೆರಡು ವರ್ಷಕ್ಕೆ ಅವರು ತೀರಿಕೊಂಡರು. ಸಂತಾಪ ಸಭೆಯಲ್ಲಿ ಮಗಳು ಎದ್ದು ನಿಂತು ಕನ್ನಡದಲ್ಲೇ ಶುರುಮಾಡಿದಳು. ಅವರ ಮನೆಯವರೆಲ್ಲ ಕಕ್ಕಾಬಿಕ್ಕಿ.

“ಇವರ ಹತ್ರ ನಾನು ಹೀಗೇ ಮಾತಾಡ್ತಿದ್ದೆ. ಅಪ್ಪ, ನೀನು ಇಂಗ್ಲಿಷಲ್ಲಿ ಹೇಳು,” ಎಂದು ನನ್ನನ್ನು ಪಕ್ಕಕ್ಕೆ ಕರೆದಳು.

“ಇವರು ಯಾವತ್ತೂ ಮಧ್ಯೆ ಬಾಯಿ ಹಾಕ್ತಿರ್ಲಿಲ್ಲ.”

ಇಂಗ್ಲಿಷಿನಲ್ಲಿ ಹೇಳಿದೆ.

“ತಪ್ಪು ಹುಡುಕ್ತಿರ್ಲಿಲ್ಲ.”

ಅದನ್ನೂ ಹೇಳಿದೆ.

“ನನ್ನ ಮಾತನ್ನ ಇಷ್ಟು ಪ್ರೀತಿಯಿಂದ ಬೇರೆ ಯಾರೂ ಕೇಳಿಲ್ಲ.”

ಆ ಬೇರೆಯವರಲ್ಲಿ ನಾನೂ ಒಬ್ಬನಾಗಿದ್ದೆ. ಮಗಳು ನನ್ನ ಮುಖವನ್ನೇ ನೋಡುತ್ತ ಕಾಯುತ್ತಿದ್ದಳು. ಒಂದು ಪದವನ್ನೂ ಬಿಡದೆ ಹೇಳಿದೆ.