ಫ್ರೆಂಚ್ ಮಾಣಿಗೆ ಶ್ರದ್ಧಾಂಜಲಿ ಸಭೆ

ಎಪ್ಪತ್ತರ ದಶಕದಲ್ಲಿ ರಾಜಾಜಿನಗರದ ಶಾಲೆಯೊಂದರ ಹಾಲಿನಲ್ಲಿ ನಾವು ಫಿಲ್ಮ್ ಸೊಸೈಟಿ ನಡೆಸುತ್ತಿದ್ದೆವು. ನಡೆಸುತ್ತಿದ್ದೆವು ಅನ್ನುವುದಕ್ಕಿಂತ ಮೆರೆಯುತ್ತಿದ್ದೆವು ಅಂದರೆ ಸರಿ. ಇಪ್ಪತ್ತೈದು ಮಂದಿ, ಜುಬ್ಬಾ, ಗಡ್ಡ, ಎಲ್ಲರ ಬಾಯಲ್ಲೂ ಫ್ರೆಂಚ್ ನಿರ್ದೇಶಕರು. ಒಬ್ಬನಿಗೂ ಫ್ರೆಂಚಿನಲ್ಲಿ ನೀರು ಕೇಳಲು ಬರುತ್ತಿರಲಿಲ್ಲ. ಕಾರ್ಯದರ್ಶಿಯಂತೂ ರೀಲು ಬದಲಾಯಿಸುವ ಐದು ನಿಮಿಷದಲ್ಲೂ ಎದ್ದು ನಿಂತು ಕೊರೆಯುತ್ತಿದ್ದ. ನಾನು ಅವನ ಬಾಲ, ಅರ್ಥಾತ್ ಸಹಕಾರ್ಯದರ್ಶಿ.

ನಮ್ಮ ಪಕ್ಕದ ಮನೆಯವರೊಬ್ಬರು ಪ್ರತಿ ಚಿತ್ರಕ್ಕೂ ಬರುತ್ತಿದ್ದರು. ಕನ್ನಡ ಸಿನಿಮಾದಲ್ಲಿ ಇಪ್ಪತ್ತು ವರ್ಷದಿಂದ ಅವರದು ಡಾಕ್ಟರ ಪಾತ್ರ: ಬ್ಯಾಗು ಹಿಡಿದು ಬರುವುದು, ನಾಡಿ ನೋಡುವುದು, ತಲೆಯಾಡಿಸಿ ಹೊರಟುಬಿಡುವುದು. ಬೀದಿಗೆಲ್ಲ ಅವರು ಡಾಕ್ಟರ್ ಮಾವ. ಸೊಸೈಟಿಯ ಮಹಾಶಯರಿಗೆ ಕಮರ್ಷಿಯಲ್ ಕಸ. ಅವರನ್ನು ಕಡೇ ಸಾಲಿನಲ್ಲಿ, ಪ್ರೊಜೆಕ್ಟರ್ ಪಕ್ಕ ಕೂರಿಸುತ್ತಿದ್ದವನು ನಾನೇ.

ಮಾವ ನಾಯಕನನ್ನು ನೋಡುತ್ತಲೇ ಇರಲಿಲ್ಲ. ಅವರ ಕಣ್ಣೆಲ್ಲ ಬೋಳುತಲೆಯ ಒಬ್ಬ ನಟನ ಮೇಲೆ. ಒಂದು ಚಿತ್ರದಲ್ಲಿ ಅವನು ಹೋಟೆಲ್ ಮಾಣಿ, ಇನ್ನೊಂದರಲ್ಲಿ ಪೋಸ್ಟ್‌ಮ್ಯಾನ್, ಮತ್ತೊಂದರಲ್ಲಿ ಪೊಲೀಸ್ ಪೇದೆ, ಆಮೇಲೆ ಮತ್ತೆ ಮಾಣಿ. ಹೆಚ್ಚೆಂದರೆ ಎರಡು ನಿಮಿಷ.

"ಬಂದ ನೋಡೋ!" ಎಂದು ನನ್ನ ತೋಳು ಹಿಡಿದೆಳೆಯುತ್ತಿದ್ದರು. "ಕಪ್ ಇಡೋವಾಗ ಹಿಡೀನ ಗಿರಾಕಿ ಕೈ ಕಡೆ ತಿರುಗ್ಸಿದ, ನೋಡಿದ್ಯಾ? ಯಾವ ಡೈರೆಕ್ಟರೂ ಹೇಳ್ಕೊಟ್ಟಿರಲ್ಲ ಅದನ್ನ."

ಚಿತ್ರದ ಡಬ್ಬದ ಜೊತೆ ಬರುತ್ತಿದ್ದ ಇಂಗ್ಲಿಷ್ ಬುಲೆಟಿನ್ನಿನಲ್ಲಿ ಹುಡುಕಿ ಅವನ ಹೆಸರು ಬರೆದುಕೊಟ್ಟಿದ್ದೆ. ಮಾವ ಆ ಚೀಟಿಯನ್ನು ಜೇಬಿನಲ್ಲೇ ಇಟ್ಟುಕೊಂಡಿರುತ್ತಿದ್ದರು.

ಒಂದು ಸಲ ಚಿತ್ರದ ಡಬ್ಬ ಬರುವುದಿಲ್ಲವೆಂದು ಶುಕ್ರವಾರ ತಿಳಿಯಿತು. ಭಾನುವಾರಕ್ಕೆ ಹಾಲ್ ಗೊತ್ತುಮಾಡಿಯಾಗಿತ್ತು, ಸದಸ್ಯರಿಗೆ ಕಾರ್ಡು ಹೋಗಿತ್ತು. ಹಿಂದಿನ ಡಬ್ಬದ ಜೊತೆ ಬಂದಿದ್ದ ಬುಲೆಟಿನ್ ತಿರುವಿಹಾಕಿದಾಗ ಮೂಲೆಯಲ್ಲಿ ಮೂರು ಸಾಲು: ನಮ್ಮ ಬೋಳುತಲೆಯವನು ತೀರಿಕೊಂಡಿದ್ದ.

"ಶ್ರದ್ಧಾಂಜಲಿ ಸಭೆ ಮಾಡ್ಬಿಡೋಣ ಗುರು," ಎಂದ ಕಾರ್ಯದರ್ಶಿ. "ಎರಡು ಗಂಟೆ ಆರಾಮಾಗಿ ಕಳೆಯತ್ತೆ."

ಸುದ್ದಿ ಕೇಳಿ ಮಾವ ಕಾಂಪೌಂಡಿನ ಆಚೆ ನಿಂತು ಜೇಬಿನ ಚೀಟಿ ತೆಗೆದು ನೋಡಿದರು. ಆಮೇಲೆ ಸಂಕೋಚದಿಂದ, "ನಾನೂ ಎರಡು ಮಾತಾಡ್ಲೇನೋ? ಅವನ ಕೆಲಸದ ಬಗ್ಗೆ. ನಿಮ್ಮೋರನ್ನ ಕೇಳಿ ನೋಡು," ಎಂದರು.

"ಅಯ್ಯೋ, ಖಂಡಿತ ಮಾವ," ಎಂದೆ. ಕೇಳಲಿಲ್ಲ. ಗಡ್ಡದವರು ನಕ್ಕಾರೆಂಬ ಹೆದರಿಕೆ.

ಇನ್ನು ಫೋಟೊ. ಬುಲೆಟಿನ್ನಿನಲ್ಲಿ ಇದ್ದದ್ದು ಒಂದೇ, ಅದೂ ಯಾವನೋ ಹೊಸ ನಾಯಕನದು. ತಲೆ ತುಂಬ ಕೂದಲು. "ಅದನ್ನೇ ದೊಡ್ಡದು ಮಾಡ್ಸು, ಯಾರಿಗೆ ಗೊತ್ತಾಗತ್ತೆ," ಎಂದ ಕಾರ್ಯದರ್ಶಿ. ಸ್ಟುಡಿಯೋದಲ್ಲಿ ದೊಡ್ಡದು ಮಾಡಿಸಿ, ಕಟ್ಟು ಹಾಕಿಸಿ ತಂದೆ. ಥೂ, ನನ್ನ ಜನ್ಮಕ್ಕಿಷ್ಟು!

ಭಾನುವಾರ ಗುಂಡುಕಲ್ಲಿನ ಹಾಗೆ ಬದುಕಿದ್ದ ಆ ಸುಂದರಾಂಗನಿಗೆ ಹಾರ ಬಿತ್ತು, ಊದುಬತ್ತಿ ಹಚ್ಚಿದೆವು. ಕಾರ್ಯದರ್ಶಿ ನಲವತ್ತು ನಿಮಿಷ ಭಾಷಣ ಬಿಗಿದ. ಅದರಲ್ಲಿ ಸತ್ತವನಿಗೆ ಒಂದು ನಿಮಿಷವೂ ಸಿಗಲಿಲ್ಲ. ಕಣ್ಣು ಕಿತ್ತುಬರುವಷ್ಟು ಸಿನಿಮಾ ನೋಡಿದ್ದ ಪಂಡಿತರಲ್ಲಿ ಒಬ್ಬನೂ ಫೋಟೊ ನೋಡಿ ಹುಬ್ಬೇರಿಸಲಿಲ್ಲ. ಮೌನಾಚರಣೆಗೆ ಎಲ್ಲರೂ ಏಳುವಾಗ ಮಾವ ಕೈಯೆತ್ತಿದರು.

"ಸಾರ್, ಆ ಫೋಟೊ ಅವರದಲ್ಲ."

"ತಾವು ಯಾರು?" ಎಂದ ಕಾರ್ಯದರ್ಶಿ, ಗೊತ್ತೇ ಇಲ್ಲದವನ ಹಾಗೆ.

ಮಾವ ನನ್ನತ್ತ ನೋಡಿದರು. ಬರೆದುಕೊಂಡು ಬಂದ ಎರಡು ಮಾತಿನ ಕಾಗದ ಅವರ ಕೈಯಲ್ಲಿತ್ತು. ಇವರೂ ನಟರು, ಇವರು ಹೇಳುವುದೇ ನಿಜ ಎಂದು ನಾನು ಬಾಯಿ ಬಿಡಬೇಕಿತ್ತು. ನಾನು ಮೇಜಿನ ಮೇಲೆ ಬಿದ್ದ ಊದುಬತ್ತಿಯ ಬೂದಿ ಒರೆಸುತ್ತ ನಿಂತೆ.

"ಮೌನ, ದಯವಿಟ್ಟು," ಎಂದ ಕಾರ್ಯದರ್ಶಿ. ಮಾವ ಕಾಗದ ಮಡಚಿಕೊಂಡರು, ತಲೆಯಾಡಿಸಿ ಹೊರಟುಹೋದರು. ಇಪ್ಪತ್ತು ವರ್ಷ ಅವರು ಮಾಡಿದ ಪಾತ್ರವನ್ನು ನಾನು ಸರಿಯಾಗಿ ನೋಡಿದ್ದು ಅವತ್ತೇ.

ಮರುದಿನ ಬೆಳಿಗ್ಗೆ ಕಾಂಪೌಂಡಿನ ಮೇಲಿಂದ ಒಂದು ಕವರ್ ಚಾಚಿದರು. ಒಳಗೆ ಅವರ ಫೋಟೊ. ಬ್ಯಾಗಿಲ್ಲ, ಸ್ಟೆತಾಸ್ಕೋಪಿಲ್ಲ. ಹಿಂದುಗಡೆ ಅವರದೇ ಅಕ್ಷರದಲ್ಲಿ ಪೂರ್ತಿ ಹೆಸರು.

"ನಿನ್ನ ಹತ್ರ ಇಟ್ಕೊಂಡಿರು," ಎಂದರು. "ನನ್ನ ಸಭೆಗಾದ್ರೂ ಸರಿಯಾದ್ದು ಹಾಕ್ಸು."