ವಯಸ್ಸಾದವರಿಗೆ ಮಾತ್ರ

ತೊಂಬತ್ತರ ದಶಕದಲ್ಲಿ ನಮ್ಮ ಹೊಳೆನರಸೀಪುರದ ಮಾನವಂತ ಗಂಡಸರು ‘ಎ’ ಸರ್ಟಿಫಿಕೇಟಿನ ಸಿನಿಮಾ ನೋಡಲು ಚನ್ನರಾಯಪಟ್ಟಣಕ್ಕೆ ಹೋಗುತ್ತಿದ್ದರು. ಚನ್ನರಾಯಪಟ್ಟಣದ ಮಾನವಂತರು ನಮ್ಮೂರಿಗೆ ಬರುತ್ತಿದ್ದರು. ಹೀಗೆ ಎರಡೂ ಊರಿನ ಮಾನ ಬಸ್ಸಿನಲ್ಲಿ ಓಡಾಡಿಕೊಂಡು ಸುರಕ್ಷಿತವಾಗಿತ್ತು.

ನನಗಾಗ ಮದುವೆ ಗೊತ್ತಾಗಿತ್ತು. ಗಂಡು ಚನ್ನರಾಯಪಟ್ಟಣದ ತೆಂಗಿನಕಾಯಿ ಮಂಡಿಯವನು. ನಾನು ಪಾಠ ಹೇಳುತ್ತಿದ್ದ ಶಾಲೆಗೇ ಫೋನ್ ಮಾಡಿ, ಯಾವ ಬಸ್ಸಿಗೆ ಬಂದೆ, ಪಕ್ಕದಲ್ಲಿ ಯಾರು ಕೂತಿದ್ದರು ಎಂದು ವಿಚಾರಿಸುತ್ತಿದ್ದ. ಮನೆಯವರೆಲ್ಲ ‘ಎಷ್ಟು ಕಾಳಜಿ!’ ಎಂದು ಕರಗಿಹೋದರು. ನಾನು ಮಾತ್ರ ಫೋನ್ ಬಂತೆಂದರೆ ಬೆಲ್ ಆಯಿತೆಂದು ಸುಳ್ಳು ಹೇಳಿ ಇಟ್ಟುಬಿಡುತ್ತಿದ್ದೆ. ಹೇಳಿದರೆ ಕೇಳುವವರಾರು? ಮನೆಯಲ್ಲಿ ಕೊನೆಯ ಮಾತು ನನ್ನ ಸೋದರತ್ತೆಯದು. ಆ ಗಂಡನ್ನು ಹುಡುಕಿದವಳೂ ಅವಳೇ.

ನಿಶ್ಚಿತಾರ್ಥದ ಸೀರೆಗೆಂದು ಅತ್ತೆಯೂ ನಾನೂ ಆ ಊರಿಗೆ ಹೋದೆವು. ಅಂಗಡಿಯವನು ಹೊಸ ಮಾಲು ಮಧ್ಯಾಹ್ನ ಬಿಚ್ಚುತ್ತೇನೆಂದ. ಎದುರಿನ ಟಾಕೀಸಿನ ಗೋಡೆಯ ಮೇಲೆ ‘ವಯಸ್ಕರಿಗೆ ಮಾತ್ರ’ ಎಂದಿತ್ತು. ಅತ್ತೆ ಅಕ್ಷರ ಕೂಡಿಸಿ ಓದಿದಳು.

“ನೋಡವ್ವಾ, ವಯಸ್ಸಾದೋರಿಗೆ ಅಂತ್ಲೇ ಸಿನ್ಮಾ ಮಾಡವ್ರೆ. ಕಾಶಿ ಗೀಶಿ ತೋರುಸ್ತಾರೇನೋ.”

ನಾನು ಬಾಯಿ ತೆರೆಯುವಷ್ಟರಲ್ಲಿ ಗೇಟಿನವನ ಮುಂದೆ ನಿಂತಿದ್ದಳು.

“ಇದು ನಿಮ್ಮಂಥೋರು ನೋಡೋದಲ್ಲ ಕಣಮ್ಮಾ” ಎಂದ ಅವನು.

“ಯಾಕ್ಲಾ? ತಲೆ ಬೆಳ್ಳಗಾಗಿರೋದು ಕಾಣಕಿಲ್ವಾ?”

ಅವನು ಗೇಟು ಬಿಟ್ಟು ಪಕ್ಕಕ್ಕೆ ಸರಿದ.

ನಮ್ಮನ್ನು ಕಂಡದ್ದೇ ಒಳಗಿದ್ದ ಟವೆಲುಗಳೆಲ್ಲ ತಲೆಗೇರಿದವು. ನೀತಿಪಾಠದಲ್ಲಿ ಎತ್ತಿದ ಕೈಯಾದ ನಮ್ಮ ಶಾಲೆಯ ಹೆಡ್‌ಮಾಸ್ತರರು ಕುರ್ಚಿಯೊಳಗೇ ಇಳಿದುಹೋದರು.

ಪಾಪ, ಅವರಿಗೆಲ್ಲ ಅನ್ಯಾಯವಾಯಿತು. ಹಸಿಬಿಸಿ ದೃಶ್ಯಕ್ಕೆಂದು ಬಂದವರಿಗೆ ಸಿಕ್ಕಿದ್ದು ಕಥೆ. ಮಲಗುವ ಕೋಣೆಯೇನೋ ಇತ್ತು. ಅಲ್ಲಿ ಗಂಡ ಹೆಂಡತಿಯನ್ನು ಮುಟ್ಟುವ ಮೊದಲು ಅವಳ ಸೆರಗು ಮೂಸುತ್ತಿದ್ದ, ಬೇರೆ ಗಂಡಸಿನ ವಾಸನೆ ಇದೆಯೇನೋ ಎಂದು. ಹೊಡೆಯುತ್ತಿರಲಿಲ್ಲ, ಕೂಗುತ್ತಿರಲಿಲ್ಲ. “ಎಲ್ಲಿಗೆ ಹೋಗಿದ್ದೆ?” ಎಂದು ನಗುನಗುತ್ತ ಕೇಳುತ್ತಿದ್ದ. ಅವಳು ಉತ್ತರ ಹೇಳುವ ಮೊದಲೇ ನಡುಗುತ್ತಿದ್ದಳು. ನನಗೆ ಭಯವಾಯಿತು. ಹಿಂದಿನಿಂದ, ನಡುವೆ ತೂರಿಸುವ ಬೆತ್ತಲೆ ತುಣುಕಿಗೆ ಕಾದಿದ್ದವರ “ಲೇ, ಬಿಟ್ ಹಾಕ್ಲಾ!” ಎಂಬ ಕಲಾವಿಮರ್ಶೆ ಕೇಳಿಬಂತು.

ಅತ್ತೆ ಎದ್ದುಹೋಗುತ್ತಾಳೆಂದುಕೊಂಡಿದ್ದೆ. ಅವಳು ಅಲುಗಾಡಲಿಲ್ಲ. ತೀರಿಹೋದ ಮಾವ ಅವಳನ್ನು ನೀರಿಗೆ ಕಳಿಸಿ, ಬರುವವರೆಗೂ ಬಾಗಿಲಲ್ಲಿ ನಿಂತು ಕಾಯುತ್ತಿದ್ದರಂತೆ. ಅದನ್ನೂ ನಮ್ಮ ಮನೆಯಲ್ಲಿ ಪ್ರೀತಿಯ ಲೆಕ್ಕಕ್ಕೇ ಹಾಕಿದ್ದರು.

“ಸರ್ಯಾಗೇ ಬರ್ದವ್ರೆ ಕಣವ್ವಾ, ವಯಸ್ಸಾದೋರಿಗೆ ಮಾತ್ರ ಅಂತ” ಎಂದಳು, ಆಟ ಮುಗಿದ ಮೇಲೆ.

ಹೊರಗೆ ಸೀರೆ ಅಂಗಡಿಯ ಮೆಟ್ಟಿಲ ಮೇಲೆ ಗಂಡು ನಿಂತಿದ್ದ. ನಗುನಗುತ್ತಲೇ ಕೇಳಿದ: “ಬೆಳಗ್ಗೆ ಬಸ್ಸಿಗೇ ಬಂದ್ರಂತೆ. ಇಷ್ಟೊತ್ತು ಎಲ್ಲಿಗೋಗಿದ್ರಿ?”

ಅಲ್ಲಿಯವರೆಗೂ ಅವನನ್ನು ‘ಅಳಿಯಂದ್ರು’ ಎಂದೇ ಕರೆಯುತ್ತಿದ್ದ ಅತ್ತೆ ನನ್ನ ಕೈ ಹಿಡಿದು ಬಸ್‌ಸ್ಟ್ಯಾಂಡಿನ ಕಡೆ ತಿರುಗಿದಳು.

“ನಿನ್ ಸಿನ್ಮಾ ನೋಡಕ್ಕೋಗಿದ್ವಿ ಕಣಪ್ಪಾ” ಎಂದಳು. “ಪೂರ್ತಿ ನೋಡಾಯ್ತು.”