ಗಿರಿಯಣ್ಣನ ನೆಂಟರು

ನಮ್ಮ ಪಕ್ಕದ ಮನೆಯ ಗಿರಿಯಣ್ಣನಿಗೆ ರಕ್ತ ಕಂಡರೆ ಆಗುತ್ತಿರಲಿಲ್ಲ. ನಾನು ಮದುವೆಯಾಗಿ ಹೊಳಲ್ಕೆರೆಗೆ ಬಂದ ಹೊಸತರಲ್ಲಿ ಒಮ್ಮೆ ಕೋಳಿ ಕೊಯ್ದುಕೊಡೆಂದು ಕೇಳಿದ್ದೆ. ಕತ್ತಿ ಹಿಡಿದವನು ಬೆವೆತು ಜಗಲಿಯ ಮೇಲೆ ಕೂತುಬಿಟ್ಟ. "ತಂಗೆಮ್ಮ, ಅದು ನನ್ನನ್ನೇ ನೋಡ್ತೈತೆ" ಎಂದ. ಕೊನೆಗೆ ಕೋಳಿ ಕೊಯ್ದವಳೂ ನಾನೇ, ಅವನಿಗೆ ನೀರು ಕುಡಿಸಿದವಳೂ ನಾನೇ.

ಒಂಟಿ ಮನುಷ್ಯ. ಬೆಳಗಾದರೆ ಜಗಲಿ ಗುಡಿಸಿ, ಸಾರು ಕುದಿಯಲಿಟ್ಟು, ಹೊಸದುರ್ಗದ ದಾರಿ ನೋಡುತ್ತ ಕೂರುತ್ತಿದ್ದ. ಒಬ್ಬನೇ ಬರುವ ದಾರಿಹೋಕ ಕಂಡರೆ ಮುಖ ಅರಳುತ್ತಿತ್ತು. "ಬಿಸ್ಲು ಐತೆ, ಬರ್ರಿ, ಉಂಡು ಹೋಗ್ರಿ." ನಮ್ಮನ್ನು ಮಾತ್ರ ಒಂದು ದಿನವೂ ಕರೆಯಲಿಲ್ಲ. ನಮ್ಮತ್ತೆಗೆ ಅದೇ ಮುನಿಸು. ಅದನ್ನು ತಣಿಸಲೋ ಏನೋ, "ನೆಂಟರು ಬಿಟ್ಟೋಗ್ಯಾರೆ" ಎಂದು ನನ್ನ ಗಂಡನಿಗೆ ಕೊಡೆ, ಅತ್ತೆಗೆ ಹಿತ್ತಾಳೆಯ ಎಲೆಅಡಿಕೆ ಡಬ್ಬಿ ತಂದುಕೊಟ್ಟಿದ್ದ.

ಒಂದು ದಿನ ಅವನು ಕರೆಯುತ್ತಿದ್ದ ಸೀರೆ ವ್ಯಾಪಾರಿಯನ್ನು, ಹೋಳಿಗೆ ಮಾಡಿದ್ದೇನೆಂದು ನಾನೇ ಒಳಗೆ ಕರೆದು ಬಡಿಸಿದೆ. "ನನ್ನ ನೆಂಟನ್ನ ನೀನ್ಯಾಕೆ ಎಳ್ಕಂಡೆ?" ಎಂದು ಗಿರಿಯಣ್ಣ ಎಂಟು ದಿನ ಮಾತು ಬಿಟ್ಟ. ಪಾಪ, ಜೊತೆಗೆ ಯಾರೂ ಇಲ್ಲದವನು ಎಂದು ಮರುಗಿದೆ.

ಆಮೇಲೆ ಅವನ ಮನೆಯಲ್ಲಿ ಉಂಡ ಬಳೆಗಾರನೊಬ್ಬ ಚಿಕ್ಕಜಾಜೂರು ಸ್ಟೇಷನ್ನಿನಲ್ಲಿ ಬಿದ್ದು, ಎರಡು ದಿನಕ್ಕೆ ಎಚ್ಚೆತ್ತು ಬಾಯಿಬಿಟ್ಟ. ಸಾರಿನಲ್ಲಿ ಉಮ್ಮತ್ತಿಯ ವಿಷಬೀಜವಿತ್ತು. ಪೊಲೀಸರು ಗಿರಿಯಣ್ಣನ ಹಿತ್ತಲು ಅಗೆದರು. ನಾಲ್ಕು ಹೆಣ ಸಿಕ್ಕವು.

"ನೆರೆಯೋರಿಗೆ ಯಾಕೆ ಇಕ್ಕಲಿಲ್ಲ?" ಎಂದು ಜಮಾದಾರ ಕೇಳಿದನಂತೆ.

"ಛೆ, ದಿನಾ ಮುಖ ನೋಡೋರು ಸ್ವಾಮಿ" ಎಂದನಂತೆ ಗಿರಿಯಣ್ಣ.

ಅವನು ಕೊಟ್ಟ ಸಾಮಾನುಗಳನ್ನು ಕೇರಿಯವರೆಲ್ಲ ಅಂದೇ ತಂದೊಪ್ಪಿಸಬೇಕಾಯಿತು. ಅತ್ತೆ ಡಬ್ಬಿಯನ್ನು ಸೆರಗಿನಲ್ಲಿ ಮುಚ್ಚಿಕೊಂಡರು.

"ಸತ್ತೋರು ಎಲೆ ಹಾಕ್ಕಂತಾರೇನಪ್ಪ?"

"ಕೊಡಮ್ಮ, ಅದು ಸಾಕ್ಷಿ" ಎಂದ ಜಮಾದಾರ.

"ತಡಿ, ನನ್ನ ಎಲೆ ತಕ್ಕಂಡು ಕೊಡ್ತೀನಿ."

ಬೇಡಿ ಹಾಕಿ ಕರೆದೊಯ್ಯುವಾಗ ಗಿರಿಯಣ್ಣ ನಮ್ಮ ಬಾಗಿಲಲ್ಲಿ ನಿಂತ. "ತಂಗೆಮ್ಮ, ಒಲೆ ಮೇಲೆ ಹಾಲೈತೆ. ಉಕ್ಕೀತು, ಇಳಿಸು."

"ಆಗ್ಲಣ್ಣ" ಎಂದೆ. ಗಲ್ಲಿಗೆ ಹೋಗುವವನಿಗೆ ಬೇರೇನು ಹೇಳಬೇಕಿತ್ತೋ ನನಗೆ ಇಂದಿಗೂ ಗೊತ್ತಿಲ್ಲ.

ಅವನ ಮನೆಯೊಳಗೆ ಹೋಗಿ ಹಾಲು ಇಳಿಸಿದೆ. ಅಡಿಗೆಮನೆ ಚೊಕ್ಕಟವಾಗಿತ್ತು. ಮೂಲೆಯಲ್ಲಿ ಎರಡು ಊಟದ ತಣಿಗೆ ತೊಳೆದು ಬೋರಲು ಹಾಕಿದ್ದ. ನೋಡುತ್ತಿದ್ದಂತೆ ಅಳು ಬಂತು. ಯಾರಿಗೋಸ್ಕರ ಅಳ್ತೀಯೆಂದು ಹಿಂದೆಯೇ ಬಂದ ಅತ್ತೆ ಕೇಳಿದರು.